ಕಾಂತ ಮತ್ತು ಕಾಂತಿ

(ಶಾಲೆಯ ಶತಮಾನೋತ್ಸವದ ವಿಜ್ಞಾನ ಗೋಷ್ಠಿಯಲ್ಲಿ ಮುಖ್ಯಾಧ್ಯಾಪಕಿಯವರು ಮಾಡಿದ ಭಾಷಣ)



ನಮ್ಮ ಮಕ್ಕಳ ಈ ವರ್ಷದ ಕೈಬರಹದ ಪತ್ರಿಕೆಯಲ್ಲಿ ಒಂದು ಕಥೆಯಿದೆ. ಸೂರ್ಯನಿಲ್ಲದ ಒಂದು ಲೋಕ; ಅಲ್ಲಿ ಗುಡ್ಡದ ಹೊಟ್ಟೆಯೊಳಗಿನ ಮಣಿಯೊಂದು ಕಬ್ಬಿಣವನ್ನು ಸೆಳೆಯುತ್ತದೆ, ಬೆಳಕನ್ನೂ ಚೆಲ್ಲುತ್ತದೆ. ಅದರ ಶಕ್ತಿಯಿಂದಲೇ ಜನರು ಗಿರಣಿ ನಡೆಸುತ್ತಾರೆ, ಬಾವಿಯ ನೀರೆತ್ತುತ್ತಾರೆ. (ನೀರಿನ ಮಾತು ಬಾರದ ಕಥೆಯನ್ನು ಜತ್ತ ತಾಲೂಕಿನ ಮಕ್ಕಳಿಂದ ನಿರೀಕ್ಷಿಸುವಂತಿಲ್ಲ.) ಅದನ್ನೋದಿದ ಪಾಲಕರೊಬ್ಬರು, ‘ಇಂಥಾದ್ದು ಎಲ್ಲ್ಯಾರ ಐತೇನ್ರಿ ಅಕ್ಕೋರೆ?’ ಎಂದು ಕೇಳಿದರು. ಆ ಪ್ರಶ್ನೆಗೆ ಉತ್ತರಿಸುವುದೇ ನಮ್ಮ ಇಂದಿನ ಉದ್ದೇಶ.

ನಮ್ಮ ಪ್ರಾಚೀನ ಕಾವ್ಯಲೋಕದಲ್ಲಿ ಇಂಥ ಕಲ್ಲುಗಳಿಗೆ ಬರವಿಲ್ಲ. ಬಿಸಿಲು ತಾಗಿದರೆ ಬೆಂಕಿಯುಗುಳುವ ಸೂರ್ಯಕಾಂತ, ಬೆಳದಿಂಗಳಿಗೆ ನೀರೊಸರುವ ಚಂದ್ರಕಾಂತ, ಕಬ್ಬಿಣವನ್ನು ಸೆಳೆಯುವ ಅಯಸ್ಕಾಂತ. ಮೂರರಲ್ಲಿ ನಮ್ಮ ಪ್ರಯೋಗಶಾಲೆಯ ಪೆಟ್ಟಿಗೆಯಲ್ಲಿರುವುದು ಕೊನೆಯದು ಮಾತ್ರ. ಜನರ ಬಾಯಲ್ಲಿ ಅದು ಸೂಜಿಗಲ್ಲು. ‘ಅಯಸ್’ ಎಂದರೆ ಕಬ್ಬಿಣ, ‘ಕಾಂತ’ ಎಂದರೆ ಪ್ರಿಯ. ಹೊಳಪಿಗೆ ನಾವು ಹೇಳುವ ‘ಕಾಂತಿ’ಯೂ ಅದೇ ಧಾತುವಿನಿಂದ ಹುಟ್ಟಿದ ಪದ. ಇಷ್ಟನ್ನೇ ಹಿಡಿದು ‘ಪೂರ್ವಿಕರಿಗೆ ಎಲ್ಲವೂ ತಿಳಿದಿತ್ತು’ ಎಂದು ಸಾರುವವರಿದ್ದಾರೆ. ನಾವು ಅದನ್ನು ಒಪ್ಪುವುದಿಲ್ಲ. ಪದಗಳು ನೆಂಟರಾದ ಮಾತ್ರಕ್ಕೆ ವಸ್ತುಗಳೂ ನೆಂಟರೆಂದು ಹೇಳಲಾಗದು, ಪ್ರಯೋಗದಿಂದ ತೋರಿಸಬೇಕು.

ತೋರಿಸಿದವರು ಮೈಕೆಲ್ ಫ್ಯಾರಡೆ. ಕಮ್ಮಾರನ ಮಗನಾದ ಅವರು ಪುಸ್ತಕ ಕಟ್ಟುವ ಅಂಗಡಿಯಲ್ಲಿ ಕೆಲಸ ಕಲಿಯುತ್ತ, ಕಟ್ಟಲು ಬಂದ ಪುಸ್ತಕಗಳನ್ನೇ ಓದಿ ಬೆಳೆದರು. ತಂತಿಯ ಸುರುಳಿಯ ಬಳಿ ಅಯಸ್ಕಾಂತವನ್ನು ಚಲಿಸಿದರೆ ವಿದ್ಯುತ್ತು ಹರಿಯುವುದೆಂಬುದನ್ನು 1831ರಲ್ಲಿ ಕಂಡುಕೊಂಡರು. 1845ರಲ್ಲಿ ಇನ್ನೂ ಸೂಕ್ಷ್ಮವಾದ ಪ್ರಯೋಗ. ಬೆಳಕಿನ ಕಂಪನಗಳನ್ನು ಒಂದೇ ದಿಕ್ಕಿಗೆ ಸೋಸಿ, ಸೀಸ ಬೆರೆತ ಭಾರವಾದ ಗಾಜಿನ ಮೂಲಕ ಹಾಯಿಸಿದರು. ಪಕ್ಕದ ಪ್ರಬಲ ವಿದ್ಯುತ್ಕಾಂತವನ್ನು ಚಾಲೂ ಮಾಡಿದೊಡನೆ ಆ ಕಂಪನದ ದಿಕ್ಕು ತುಸು ತಿರುಗಿತು. ಕಾಂತವು ಬೆಳಕನ್ನು ಮುಟ್ಟಿತ್ತು! ಇಪ್ಪತ್ತು ವರ್ಷಗಳ ತರುವಾಯ ಪ್ರಕಟವಾದ ಮ್ಯಾಕ್ಸ್‌ವೆಲ್ಲರ ಲೇಖನವು, ಬೆಳಕೇ ಒಂದು ವಿದ್ಯುತ್ಕಾಂತೀಯ ಅಲೆಯೆಂದು ಗಣಿತದಿಂದ ವಾದಿಸಿತು. ಅವರ ಲೆಕ್ಕದ ಅಲೆಯ ವೇಗವು ಬೆಳಕಿನ ವೇಗಕ್ಕೆ, ಎಂದರೆ ಸೆಕೆಂಡಿಗೆ ಸುಮಾರು 3 ಲಕ್ಷ ಕಿಲೋಮೀಟರಿಗೆ, ಹೊಂದಿಕೊಂಡಿತು.

ನಮ್ಮ ಗುಡ್ಡಗಳ ಹೊಟ್ಟೆಯಲ್ಲೂ ಕಾಂತವುಂಟು. ಹಳ್ಳದ ಉಸುಕಿನಲ್ಲಿ ಅಯಸ್ಕಾಂತವನ್ನಾಡಿಸಿರಿ, ಕಪ್ಪು ಕಣಗಳು ಗಡ್ಡದಂತೆ ಅಂಟಿಕೊಳ್ಳುತ್ತವೆ. ಅದು ಕರಿಗಲ್ಲು ಸವೆದು ಬಂದ ಮ್ಯಾಗ್ನೆಟೈಟ್. ಅದೇ ಗುಡ್ಡಗಳ ಮೇಲೆ ತಿರುಗುವ ಪವನಚಕ್ಕಿಗಳೊಳಗೆ ಫ್ಯಾರಡೆಯ ನಿಯಮವೇ ಕೆಲಸ ಮಾಡುತ್ತಿದೆ. ಆದರೆ ಕಥೆಯ ಮಣಿ ಏನನ್ನೂ ಪಡೆಯದೆ ಕೊಡುತ್ತದೆ. ಪವನಚಕ್ಕಿ ಗಾಳಿಯಿಂದ ಪಡೆದುದನ್ನಷ್ಟೇ ಕೊಡುತ್ತದೆ. ಸುಮ್ಮನೆ ಕುಳಿತ ಅಯಸ್ಕಾಂತ ದೀಪ ಹಚ್ಚದು. ಇದನ್ನು ಕಥೆ ಬರೆದ ಮಗುವಿಗೂ ಹೇಳಿದ್ದೇವೆ, ಕಥೆಯನ್ನು ಮಾತ್ರ ತಿದ್ದಿಲ್ಲ.

2023ರ ಸೆಪ್ಟೆಂಬರ್ 2ರಂದು ಹಾರಿದ ಆದಿತ್ಯ-ಎಲ್1 ಇಂದು ಭೂಮಿಯಿಂದ ಸುಮಾರು 15 ಲಕ್ಷ ಕಿಲೋಮೀಟರು ದೂರದಲ್ಲಿ ನಿಂತು ಸೂರ್ಯನನ್ನು ನೋಡುತ್ತಿದೆ. ಸೂರ್ಯನ ಪ್ರಭಾವಲಯವನ್ನು ನೋಡುವ ಅದರ ಮುಖ್ಯ ಉಪಕರಣವನ್ನು ರೂಪಿಸಿದ್ದು ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆ. ಕಾಂತಕ್ಷೇತ್ರವನ್ನು ಅಳೆಯುವ ಉಪಕರಣವೂ ಅದರಲ್ಲಿದೆ. 2024ರ ಮೇ ತಿಂಗಳಲ್ಲಿ ಸೂರ್ಯನಿಂದೆದ್ದ ಕಾಂತ ಬಿರುಗಾಳಿ ಲಡಾಖಿನ ಹಾನ್ಲೆಯ ಇರುಳಿನ ಆಕಾಶವನ್ನು ಕೆಂಪಾಗಿಸಿತು.

ಇನ್ನು ನಮ್ಮನ್ನು ಕಾಡುವ ಮಾತು. ನಮ್ಮ ಹತ್ತನೆಯ ತರಗತಿಯ ಮಗು ‘ಕಾಂತ’, ‘ವಿದ್ಯುತ್ಕಾಂತೀಯ’ ಎಂದು ಕಲಿಯುತ್ತದೆ. ಮುಂದೆ ಕಾಲೇಜಿನಲ್ಲಿ ಗೆಳೆಯರು ‘ಚುಂಬಕ’ ಎನ್ನುತ್ತಾರೆ, ಪುಸ್ತಕ ‘ಮ್ಯಾಗ್ನೆಟ್’ ಎನ್ನುತ್ತದೆ. ಚೆನ್ನಾಗಿ ಕಲಿತ ಮಕ್ಕಳೂ ತಮಗೆ ವಿಜ್ಞಾನ ಬಾರದೆಂದು ತಿಳಿದು ಬೇರೆ ವಿಷಯಕ್ಕೆ ಹೋದುದನ್ನು ನಾವು ಕಂಡಿದ್ದೇವೆ. ಅವರಿಗೆ ಬಾರದಿದ್ದುದು ಪದ, ವಿಷಯವಲ್ಲ. ಆದ್ದರಿಂದ ಈ ವರ್ಷ ವಿಜ್ಞಾನ ಕೋಣೆಯ ಗೋಡೆಯ ಮೇಲೆ ಪ್ರತಿ ಪಾಠದ ಪದಗಳನ್ನು ಕನ್ನಡ, ಮರಾಠಿ, ಇಂಗ್ಲಿಷ್ ಮೂರರಲ್ಲಿಯೂ ಬರೆಸುತ್ತಿದ್ದೇವೆ. ಕಾಲೇಜು ಓದುತ್ತಿರುವ ನಮ್ಮ ಹಳೆಯ ವಿದ್ಯಾರ್ಥಿಗಳು ತಾವು ಎಡವಿದ ಪದಗಳನ್ನು ಇಂದು ಸಂಜೆಯೊಳಗೆ ಅಲ್ಲಿ ಬರೆದು ಹೋಗಬೇಕೆಂದು ಕೋರುತ್ತೇವೆ. ಸುಣ್ಣ ಬಳಿಸಿ ಗೋಡೆಯ ಅರ್ಧ ಭಾಗವನ್ನು ಬರಿದಾಗಿಯೇ ಇಟ್ಟಿದ್ದೇವೆ.