ಕರುವಿನ ಕಾಲಿನಿಂದ ಹಲಸಿನ ಹಪ್ಪಳದವರೆಗೆ

ಸಮಾಜ, ಪರಿಸರ ಎರಡರ ಬಗ್ಗೆಯೂ ಬರೆದ ಒಬ್ಬ ಲೇಖಕರ ಕುರಿತು ಮಾತಾಡಿ ಎಂದಾಗ ನನಗೆ ಕೂಡಲೇ ಹೊಳೆದ ಹೆಸರು ಶ್ರೀಪಡ್ರೆ. ಕಥೆ, ಕವಿತೆಗಳಿಂದ ಹೆಸರಾದವರಲ್ಲ. ಹಾಗಾಗಿ ನಮ್ಮ ಸಾಹಿತ್ಯ ಗೋಷ್ಠಿಗಳಲ್ಲಿ ಅವರ ಮಾತು ಬರುವುದು ಕಡಿಮೆ.

ಕಾಸರಗೋಡು ಜಿಲ್ಲೆಯ ಎಣ್ಮಕಜೆ ಪಂಚಾಯತಿನ ಪಡ್ರೆ ಅವರ ಊರು. ಕೃಷಿಕರು, ಜೊತೆಗೆ ಪತ್ರಕರ್ತರು. ಆ ಭಾಗದ ಗುಡ್ಡಗಳ ಮೇಲೆ ಕೇರಳ ಪ್ಲಾಂಟೇಶನ್ ಕಾರ್ಪೊರೇಶನ್ನಿನ ಗೇರುತೋಟ. ಎಪ್ಪತ್ತರ ದಶಕದ ಕೊನೆಯ ಹೊತ್ತಿಗೆ ಅಲ್ಲಿ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸಿಂಪಡಿಸತೊಡಗಿದರು. ಕೆಳಗೆ ಮನೆ, ಶಾಲೆ, ತೋಡು, ತೆರೆದ ಬಾವಿ. ಊರಲ್ಲಿ ಕರುಗಳು ಸೊಟ್ಟ ಕಾಲಿನೊಂದಿಗೆ ಹುಟ್ಟಿದವು. ಗೇರುಬೀಜಕ್ಕಿಂತ ಜೀವವೇ ಅಗ್ಗವಾಯಿತು ಎಂಬ ಅರ್ಥದ ತಲೆಬರಹದಲ್ಲಿ ಶ್ರೀಪಡ್ರೆ ಬರೆದರು. ಆಗಿನ್ನೂ ಮಕ್ಕಳ ಕಾಯಿಲೆ ಯಾರಿಗೂ ಸುದ್ದಿಯಾಗಿರಲಿಲ್ಲ. ಮುಂದೆ ವಾಣೀನಗರದ ವೈದ್ಯ ಡಾ. ಮೋಹನ್ ಕುಮಾರ್ ತಮ್ಮ ರೋಗಿಗಳಲ್ಲಿ ಕಂಡದ್ದನ್ನು ದಾಖಲಿಸಿದರು. ಪೆರಿಯದಲ್ಲಿ ಕೃಷಿ ಇಲಾಖೆಯಲ್ಲಿದ್ದ ಲೀಲಾಕುಮಾರಿ ಅಮ್ಮ 1998ರಲ್ಲಿ ನ್ಯಾಯಾಲಯಕ್ಕೆ ಹೋಗಿ ಸಿಂಪಡಣೆಗೆ ತಡೆ ತಂದರು. (ಅವರ ಬಗ್ಗೆಯೇ ನಮ್ಮಲ್ಲಿ ಇನ್ನೊಂದು ಉಪನ್ಯಾಸ ಆಗಬೇಕು.) ಸುಪ್ರೀಂ ಕೋರ್ಟಿನ ನಿಷೇಧ ಬಂದದ್ದು 2011ರಲ್ಲಿ. ಸಂತ್ರಸ್ತರಿಗೆ ತಲಾ 5 ಲಕ್ಷ ರೂಪಾಯಿ ಕೊಡಿ ಎಂಬ ಆದೇಶ 2017ರಲ್ಲಿ. ಕರುವಿನ ಕಾಲಿನಿಂದ ಆ ಆದೇಶದವರೆಗೆ ಹತ್ತಿರ ಹತ್ತಿರ 40 ವರ್ಷ!

ಇಷ್ಟರಲ್ಲಿ ಅವರು ಸುಮ್ಮನೆ ಕೂತಿರಲಿಲ್ಲ. 1988ರಲ್ಲಿ ಪುತ್ತೂರಿನಿಂದ 'ಅಡಿಕೆ ಪತ್ರಿಕೆ' ಶುರುವಾಯಿತು. ಕೃಷಿಕರೇ ಕೃಷಿಕರಿಗಾಗಿ ಬರೆಯುವ ಪತ್ರಿಕೆ. ಲೇಖನದ ಕೊನೆಯಲ್ಲಿ ಆ ಕೃಷಿಕರ ಫೋನ್ ನಂಬರ್ ಇರುತ್ತದೆ. ಅನುಮಾನ ಬಂದರೆ ನೇರ ಕೇಳಬಹುದು. ನಮ್ಮ ವಾಟ್ಸಾಪ್ ಫಾರ್ವರ್ಡುಗಳಿಗೆ ಇಂಥ ವಿಳಾಸ ಎಲ್ಲಿದೆ ಹೇಳಿ. ಆಮೇಲೆ ಮಳೆನೀರು ಇಂಗಿಸುವುದು, ಗುಡ್ಡ ಕೊರೆದು ನೀರು ತರುವ ಕಾಸರಗೋಡಿನ ಸುರಂಗಗಳು, ಈಚೆಗೆ ಹಲಸು. ವಿಷದ ವಿರುದ್ಧ ಬರೆದವರು ಹಲಸಿನ ಹಪ್ಪಳಕ್ಕೆ ಬಂದರೇ ಎಂದು ನಗು ಬರಬಹುದು. ನನಗೆ ಹಾಗನಿಸುವುದಿಲ್ಲ. ಹಿತ್ತಲಲ್ಲಿ ಕೊಳೆತು ಹೋಗುವ ಹಣ್ಣಿನಿಂದ ಮನೆಯ ಹೆಂಗಸಿನ ಕೈಗೆ ನಾಲ್ಕು ಕಾಸು ಬಂದರೆ ಅದು ಪರಿಸರವೋ, ಸಮಾಜವೋ?

ಇದನ್ನೆಲ್ಲ ಇಲ್ಲಿ ಯಾಕೆ ಹೇಳುತ್ತಿದ್ದೇನೆ ಎಂದರೆ, ನಮ್ಮ ಡೊಂಬಿವಲಿಯಲ್ಲಿ 2014ರಲ್ಲಿ ಹಸಿರು ಮಳೆ ಬಿತ್ತು. 2020ರಲ್ಲಿ ಎಮ್‌ಐಡಿಸಿಯ ರಸ್ತೆ ಗುಲಾಬಿ ಬಣ್ಣಕ್ಕೆ ತಿರುಗಿತು. ನಾವು ಫೋಟೋ ತೆಗೆದು ಕಳಿಸಿದೆವು, ಮರೆತೆವು. 2016ರ, 2024ರ ಮೇ ತಿಂಗಳ ಸ್ಫೋಟಗಳಲ್ಲಿ ಜೀವಗಳೇ ಹೋದವು. ಯಾವ ದಿನ ಯಾವ ವಾಸನೆ ಬಂತು, ಯಾರ ಮಗುವಿಗೆ ಕೆಮ್ಮು ಬಂತು ಎಂದು ದಿನಾಂಕ ಹಾಕಿ ಬರೆದಿಟ್ಟವರು ನಮ್ಮಲ್ಲಿ ಇದ್ದೀರಾ? ಠಾಣೆ, ಕಲ್ಯಾಣ, ನವಿ ಮುಂಬೈಯವರು ಟ್ಯಾಂಕರಿನ ಲೆಕ್ಕ ಇಟ್ಟಿದ್ದರೂ ಆದೀತು. ಇದ್ದರೆ ಚಹಾ ಹೊತ್ತಿಗೆ ದಯವಿಟ್ಟು ನನ್ನನ್ನು ಕಾಣಿ. 'ಅಡಿಕೆ ಪತ್ರಿಕೆ'ಯ ಕೆಲವು ಸಂಚಿಕೆ ತಂದಿದ್ದೇನೆ, ಹಿಂದಿನ ಮೇಜಿನ ಮೇಲಿವೆ.