ಬೀಗ ಹಾಕಿದ ಬೀರುವಿನ ಚದುರಂಗ
(ಶಾಲೆಯ ಸುವರ್ಣ ಮಹೋತ್ಸವದಲ್ಲಿ ಹಳೆಯ ವಿದ್ಯಾರ್ಥಿಯೊಬ್ಬರು ಮಾಡಿದ ಭಾಷಣದ ಬರಹರೂಪ)



ಚದುರಂಗದ ಸಾಧಕರ ಬಗ್ಗೆ ಹತ್ತು ನಿಮಿಷ ಮಾತನಾಡಿ ಎಂದು ಮುಖ್ಯೋಪಾಧ್ಯಾಯರು ಹೇಳಿದ್ದಾರೆ. ನಾನು ದೊಡ್ಡ ಆಟಗಾರನಲ್ಲ. ಈ ಶಾಲೆಯಲ್ಲಿ ಓದುವಾಗ ನಾನು ತರಗತಿಗೆ ಎರಡನೆಯ ಒಳ್ಳೆಯ ಆಟಗಾರನಾಗಿದ್ದೆ, ಅಷ್ಟೆ. ಮೊದಲನೆಯವನು ನನ್ನ ಪಕ್ಕದಲ್ಲಿ ಕೂರುತ್ತಿದ್ದ ಗೆಳೆಯ. ನೆಲದ ಮೇಲೆ ಸೀಮೆಸುಣ್ಣದಲ್ಲಿ ಮನೆ ಬರೆದು, ಹುಣಸೆಬೀಜ, ಹರಳುಕಲ್ಲುಗಳನ್ನೇ ಕಾಯಿ ಮಾಡಿಕೊಂಡು ಆಡುತ್ತಿದ್ದೆವು. ಶಾಲೆಯಲ್ಲಿ ಒಂದು ಒಳ್ಳೆಯ ಮಣೆ ಇತ್ತು. ಅದು ಬೀರುವಿನೊಳಗೆ ಬೀಗದಲ್ಲಿತ್ತು. ಒಂಬತ್ತನೆಯ ತರಗತಿಯ ನಡುವೆ ಗೆಳೆಯ ಶಾಲೆ ಬಿಟ್ಟು ಕೂಲಿಗೆ ಹೋದ. ಅವನನ್ನು ಮನಸ್ಸಿನಲ್ಲಿಟ್ಟುಕೊಂಡೇ ಇವತ್ತು ಮಾತನಾಡುತ್ತೇನೆ.

ಮೊದಲು ಮೀರ್ ಸುಲ್ತಾನ್ ಖಾನ್ ಕಥೆ. ಪಂಜಾಬಿನ ಹಳ್ಳಿಯವರು. ತಂದೆಯಿಂದ ಕಲಿತದ್ದು ನಮ್ಮ ದೇಶೀ ಪದ್ಧತಿಯ ಆಟ. ಅದರಲ್ಲಿ ಕಾಲಾಳು ಮೊದಲ ನಡೆಯಲ್ಲೂ ಒಂದೇ ಮನೆ ಮುಂದೆ ಹೋಗುತ್ತದೆ. ಸರ್ ಉಮರ್ ಹಯಾತ್ ಖಾನ್ ಎಂಬ ಜಮೀನ್ದಾರರ ಆಶ್ರಯ ಸಿಕ್ಕಿತು. 1928ರಲ್ಲಿ ಅಖಿಲ ಭಾರತ ಚಾಂಪಿಯನ್ ಆದರು. 1929ರಲ್ಲಿ ಜಮೀನ್ದಾರರ ಜೊತೆ ಲಂಡನ್ನಿಗೆ ಹೋದರು. ಯೂರೋಪಿನ ನಿಯಮಗಳಿಗೆ ಇನ್ನೂ ಹೊಂದಿಕೊಳ್ಳುತ್ತಿದ್ದ ಆ ವರ್ಷವೇ ಬ್ರಿಟಿಷ್ ಚಾಂಪಿಯನ್ ಪಟ್ಟ ಗೆದ್ದರು. 1932 ಮತ್ತು 1933ರಲ್ಲಿ ಮತ್ತೆ ಗೆದ್ದರು. ಹೇಸ್ಟಿಂಗ್ಸ್‌ನಲ್ಲಿ ಮಾಜಿ ವಿಶ್ವ ಚಾಂಪಿಯನ್ ಕಾಪಾಬ್ಲಾಂಕಾರನ್ನೇ ಸೋಲಿಸಿದರು. ಅದೇ ಮನೆತನದ ಆಶ್ರಯದಲ್ಲಿದ್ದ ಫಾತಿಮಾ ಎಂಬ ಹೆಣ್ಣುಮಗಳು 1933ರಲ್ಲಿ ಬ್ರಿಟಿಷ್ ಮಹಿಳಾ ಚಾಂಪಿಯನ್ ಆದರು.

ಆ ವರ್ಷದ ಕೊನೆಗೆ ಜಮೀನ್ದಾರರು ಊರಿಗೆ ಹೊರಟರು. ಸುಲ್ತಾನ್ ಖಾನರೂ ಹೊರಟರು. ಮತ್ತೆಂದೂ ಯೂರೋಪಿನ ಟೂರ್ನಿಗಳಲ್ಲಿ ಅವರು ಆಡಲಿಲ್ಲ. 1966ರಲ್ಲಿ ತೀರಿಕೊಂಡರು. ವಿಶ್ವ ಚೆಸ್ ಸಂಸ್ಥೆ ಅವರಿಗೆ ಗೌರವ ಗ್ರ್ಯಾಂಡ್‌ಮಾಸ್ಟರ್ ಪದವಿ ಕೊಟ್ಟದ್ದು 2024ರಲ್ಲಿ, ಸತ್ತು 58 ವರ್ಷವಾದ ಮೇಲೆ! ಅವರ ಪ್ರತಿಭೆಯಲ್ಲಿ ಏನೂ ಕೊರತೆ ಇರಲಿಲ್ಲ. ಆದರೆ ಆಡುವ ಅವಕಾಶ ಇನ್ನೊಬ್ಬರ ಪ್ರಯಾಣದ ಜೊತೆ ಬಂತು, ಅವರ ಪ್ರಯಾಣದ ಜೊತೆಯೇ ಹೋಯಿತು.

ಇನ್ನೊಬ್ಬರು ಮ್ಯಾನ್ಯುಯೆಲ್ ಆರನ್. 1961ರಲ್ಲಿ ಭಾರತದ ಮೊದಲ ಇಂಟರ್‌ನ್ಯಾಷನಲ್ ಮಾಸ್ಟರ್ ಆದವರು, ಒಂಬತ್ತು ಬಾರಿ ರಾಷ್ಟ್ರೀಯ ಚಾಂಪಿಯನ್. ತಾವು ಗೆದ್ದರೆ ಸಾಕು ಎಂದು ಅವರು ಕೂರಲಿಲ್ಲ. 1972ರಲ್ಲಿ ಮದರಾಸಿನ ಸೋವಿಯತ್ ಸಾಂಸ್ಕೃತಿಕ ಕೇಂದ್ರದಲ್ಲಿ ಟಾಲ್ ಚೆಸ್ ಕ್ಲಬ್ ಶುರು ಮಾಡಿದರು. ಮನೆಯಲ್ಲಿ ತಾಯಿಯಿಂದ ಆಟ ಕಲಿತಿದ್ದ ಒಬ್ಬ ಪುಟ್ಟ ಹುಡುಗ ಆ ಕ್ಲಬ್ಬಿಗೆ ಬಂದ. ಅವನೇ ವಿಶ್ವನಾಥನ್ ಆನಂದ್. 1988ರಲ್ಲಿ ದೇಶದ ಮೊದಲ ಗ್ರ್ಯಾಂಡ್‌ಮಾಸ್ಟರ್, ಮುಂದೆ ಐದು ಬಾರಿ ವಿಶ್ವ ಚಾಂಪಿಯನ್. ಇವತ್ತು ನಮ್ಮ ದೇಶದಲ್ಲಿ 80ಕ್ಕೂ ಹೆಚ್ಚು ಗ್ರ್ಯಾಂಡ್‌ಮಾಸ್ಟರ್‌ಗಳಿದ್ದಾರೆ. 2024ರ ಡಿಸೆಂಬರಿನಲ್ಲಿ ಸಿಂಗಪುರದಲ್ಲಿ ಡಿಂಗ್ ಲಿರೆನ್‌ರನ್ನು ಸೋಲಿಸಿ ವಿಶ್ವ ಚಾಂಪಿಯನ್ ಆದ ಗುಕೇಶ್‌ಗೆ ಆಗ 18 ವರ್ಷ. ಅವನೂ ಅದೇ ಚೆನ್ನೈನ ಹುಡುಗ.

ಮಕ್ಕಳೇ, ಸೋಲಿನ ಬಗ್ಗೆಯೂ ಒಂದು ಮಾತು. 2010ರಲ್ಲಿ ಆನಂದ್ ತಮ್ಮ ಪಟ್ಟ ಉಳಿಸಿಕೊಳ್ಳಲು ಬಲ್ಗೇರಿಯಾದ ಸೋಫಿಯಾಕ್ಕೆ ಹೋಗಬೇಕಿತ್ತು. ಜ್ವಾಲಾಮುಖಿಯ ಬೂದಿಯಿಂದ ವಿಮಾನಗಳು ನಿಂತುಹೋದವು. ಜರ್ಮನಿಯಿಂದ ಸುಮಾರು 40 ಗಂಟೆ ರಸ್ತೆಯಲ್ಲೇ ಹೋದರು. ಮೊದಲ ಆಟದಲ್ಲೇ ಸೋತರು. ಕೊನೆಯ, ಅಂದರೆ ಹನ್ನೆರಡನೆಯ ಆಟದ ಹೊತ್ತಿಗೆ ಇಬ್ಬರೂ ಸಮ ಸಮ. ಆ ಆಟವನ್ನು ಕಪ್ಪು ಕಾಯಿಯಲ್ಲಿ ಆಡಿ ಟೋಪಲೋವ್‌ರನ್ನು ಗೆದ್ದರು. ಮೊದಲ ಪರೀಕ್ಷೆಯಲ್ಲಿ ಅಂಕ ಕಡಿಮೆ ಬಂತೆಂದು ಮುಖ ಸಪ್ಪಗೆ ಮಾಡುವವರು ಇದನ್ನು ನೆನಪಿಡಿ.

ತಡವಾಯಿತೆಂದು ಕೊರಗುವವರಿಗೆ ನಮ್ಮ ಮೈಸೂರಿನ ತೇಜ್‌ಕುಮಾರ್ ಇದ್ದಾರೆ. ರೈಲ್ವೆಯಲ್ಲಿ ನೌಕರಿ ಮಾಡುತ್ತಲೇ ಆಡಿ, 2017ರಲ್ಲಿ, 36ನೆಯ ವಯಸ್ಸಿನಲ್ಲಿ ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು.

ಹೆಣ್ಣುಮಕ್ಕಳೇ, ನಿಮಗೆ ರೋಹಿಣಿ ಖಾಡಿಲ್ಕರ್. 1976ರಲ್ಲಿ ಪುರುಷರ ರಾಷ್ಟ್ರೀಯ ಚಾಂಪಿಯನ್‌ಶಿಪ್‌ನಲ್ಲಿ ಆಡಲು ಹೋದಾಗ ಆಕ್ಷೇಪಣೆ ಬಂತು. ತಂದೆ ಹೈಕೋರ್ಟಿಗೆ ಹೋದರು. ಹೆಂಗಸರೆಂಬ ಕಾರಣಕ್ಕೆ ಯಾರನ್ನೂ ತಡೆಯುವಂತಿಲ್ಲ ಎಂದು ಅಂದಿನ ವಿಶ್ವ ಸಂಸ್ಥೆಯ ಅಧ್ಯಕ್ಷರೇ ತೀರ್ಮಾನ ಕೊಟ್ಟರು. 1987ರಲ್ಲಿ ಹುಟ್ಟಿದ ಕೊನೇರು ಹಂಪಿ ಹದಿನೈದು ತುಂಬಿದ ಕೆಲವೇ ವಾರಗಳಲ್ಲಿ ಗ್ರ್ಯಾಂಡ್‌ಮಾಸ್ಟರ್ ಆದರು. 2024ರಲ್ಲಿ ಬುಡಾಪೆಸ್ಟ್ ಒಲಿಂಪಿಯಾಡ್‌ನಲ್ಲಿ ನಮ್ಮ ಮಹಿಳಾ ತಂಡವೂ ಚಿನ್ನ ಗೆದ್ದಿತು.

ಇಷ್ಟು ಹೇಳಿ ನನ್ನ ಗೆಳೆಯನ ವಿಷಯಕ್ಕೆ ಬರುತ್ತೇನೆ. ಸಮಾರಂಭಕ್ಕೆ ಕರೆಯಲು ಮೊನ್ನೆ ಅವನ ಮನೆಗೆ ಹೋಗಿದ್ದೆ. ಜಗಲಿಯ ಮೇಲೆ ಕೂತು ಒಂದು ಆಟ ಆಡಿದೆವು. ನಲವತ್ತು ವರ್ಷ ಕಾಯಿ ಮುಟ್ಟದವನು ನನ್ನ ಮಂತ್ರಿಯನ್ನು ಹದಿನೈದೇ ನಡೆಯಲ್ಲಿ ಹೊಡೆದ. ಆಮೇಲೆ ಕೇಳಿದ: “ಆ ಬೀರು ಇನ್ನೂ ಇದೆಯೇನೋ?”

ಬೀರು ಇದೆ. ನಿನ್ನೆ ನೋಡಿ ಬಂದೆ. ಅವನು ದೊಡ್ಡ ಆಟಗಾರನಾಗುತ್ತಿದ್ದನೋ ಇಲ್ಲವೋ ಹೇಳಲಾರೆ. ಆಗುತ್ತಿದ್ದನೇ ಎಂದು ನೋಡುವ ಒಂದು ಅವಕಾಶವನ್ನೂ ನಾವು ಅವನಿಗೆ ಕೊಡಲಿಲ್ಲ ಎಂಬುದಂತೂ ನಿಜ.

ಹಳೆಯ ವಿದ್ಯಾರ್ಥಿಗಳೆಲ್ಲ ಸೇರಿ ಹತ್ತು ಮಣೆ ತಂದಿದ್ದೇವೆ. ಗುರುಗಳಲ್ಲಿ ಒಂದೇ ಕೋರಿಕೆ: ಇವನ್ನು ಬೀರುವಿನಲ್ಲಿಡಬೇಡಿ. ಶನಿವಾರ ತರಗತಿ ಮುಗಿದ ಮೇಲೆ ಒಂದು ಕೊಠಡಿ ತೆರೆದಿಡಿ. ಕಾಯಿ ಕಳೆದರೆ ಮತ್ತೆ ತರೋಣ. ಬೀಗದ ಕೈ ತೆಗೆದುಕೊಂಡು ಮೊದಲ ಶನಿವಾರ ನಾನೇ ಬರುತ್ತೇನೆ. ಗೆಳೆಯನೂ ಬರುತ್ತೇನೆಂದು ಒಪ್ಪಿದ್ದಾನೆ. ಅವನನ್ನು ಸೋಲಿಸುವವರು ನಿಮ್ಮಲ್ಲಿ ಯಾರು ಎಂದು ನೋಡುವ ಆಸೆ ನನಗಿದೆ.