ಕತ್ತರಿಯ ಹಿಂದಿನ ಕೈ: ಅಲ್ಪ ಬಂಡವಾಳದ ವಯಸ್ಕರ ಚಿತ್ರಗಳು ಮತ್ತು ಸಂಕಲನಕಾರ

ಕನ್ನಡ ಚಲನಚಿತ್ರದ ಚರಿತ್ರೆ ಬರೆದವರು ನಟರನ್ನೂ ನಿರ್ದೇಶಕರನ್ನೂ ಗಾಯಕರನ್ನೂ ಮನಸಾರೆ ಕೊಂಡಾಡಿದ್ದಾರೆ. ಚಿತ್ರೀಕರಣವಾದ ತುಣುಕುಗಳಲ್ಲಿ ಬೇಕಾದುದನ್ನು ಆಯ್ದು ಜೋಡಿಸಿ ಕಥೆಗೆ ನಡೆ ಕೊಡುವ ಸಂಕಲನಕಾರನ ವಿಷಯದಲ್ಲಿ ಮಾತ್ರ ಬಹುಮಟ್ಟಿಗೆ ಮೌನವಾಗಿದ್ದಾರೆ. ಅಲ್ಪ ಬಂಡವಾಳದಲ್ಲಿ ತಯಾರಾಗಿ ‘ಎ’ ಪ್ರಮಾಣಪತ್ರ ಪಡೆದ, ಎಂದರೆ 18 ವರ್ಷ ತುಂಬಿದವರಿಗೆ ಮಾತ್ರ ತೋರಿಸಬಹುದಾದ ಚಿತ್ರಗಳಲ್ಲಿ ದುಡಿದವರಿಗಂತೂ ಆ ಚರಿತ್ರೆಯಲ್ಲಿ ಜಾಗವೇ ಇಲ್ಲ.

ಕಾಮವನ್ನು ಹಾಸ್ಯದ ವಸ್ತುವಾಗಿಸಿದ ಚಿತ್ರವೆಂದೊಡನೆ ಕನ್ನಡಿಗರಿಗೆ ನೆನಪಾಗುವುದು ಕಾಶೀನಾಥರ ಹೆಸರು. 1978ರ ‘ಅಪರಿಚಿತ’ದಲ್ಲಿ ರಹಸ್ಯಕಥೆಯನ್ನು ಮಿತವ್ಯಯದಲ್ಲಿ ಹೇಳಿ ಗೆದ್ದ ಅವರು, 1984ರಲ್ಲಿ ‘ಅನುಭವ’ವನ್ನು ತಂದರು, ಎರಡನ್ನೂ ಹಿಂದಿಯಲ್ಲಿ ತಾವೇ ಮತ್ತೆ ನಿರ್ದೇಶಿಸಿದರು. ಹೆಸರಾಂತ ತಾರೆಯರಾಗಲಿ ವೈಭವದ ಸೆಟ್ಟುಗಳಾಗಲಿ ಇಲ್ಲದ ಇಂಥ ಚಿತ್ರಗಳಲ್ಲಿ ನಗುವಿನ ಹೊಣೆ ಸಂಕಲನದ ಮೇಜಿಗೇ ಬರುತ್ತದೆ. ಸೆಕೆಂಡಿಗೆ 24 ಚೌಕಟ್ಟುಗಳು ಓಡುವ ಚಿತ್ರದಲ್ಲಿ, ದ್ವಂದ್ವಾರ್ಥದ ಮಾತು ಮುಗಿದ ಮೇಲೆ ಕೇಳಿದವರ ಮುಖವನ್ನು 12 ಚೌಕಟ್ಟು ನಿಲ್ಲಿಸಿದರೆ ಸಭೆ ನಗುತ್ತದೆ. ಅದನ್ನೇ ಮೂರು ಸೆಕೆಂಡು ಎಳೆದರೆ ನಗು ಹೋಗಿ ಹಸಿ ನೋಟವಷ್ಟೇ ಉಳಿಯುತ್ತದೆ. ಶೃಂಗಾರಕ್ಕೂ ಅಶ್ಲೀಲಕ್ಕೂ ನಡುವಣ ಗೆರೆಯನ್ನು ಎಷ್ಟೋ ವೇಳೆ ಎಳೆಯುವವನು ಸಂಕಲನಕಾರನೇ.

ಕಚ್ಚಾ ಫಿಲ್ಮು ದುಬಾರಿಯಾಗಿದ್ದ ಕಾಲದಲ್ಲಿ ಒಂದು ದೃಶ್ಯವನ್ನು ಮತ್ತೆ ಮತ್ತೆ ಚಿತ್ರಿಸುವ ಅನುಕೂಲವಿರಲಿಲ್ಲವಾದ್ದರಿಂದ, ನಟನೆಯ ತಪ್ಪನ್ನು ಕಿಟಕಿಯದೋ ಗಡಿಯಾರದ್ದೋ ತುಣುಕು ಸೇರಿಸಿ ಮುಚ್ಚುವ ಕೌಶಲ ಅವನಿಗೆ ಬೇಕಿತ್ತು. 35 ಮಿ.ಮೀ. ಫಿಲ್ಮಿನಲ್ಲಿ ಒಂದು ನಿಮಿಷವೆಂದರೆ 90 ಅಡಿ. 1952ರ ಸಿನಿಮಾಟೋಗ್ರಾಫ್ ಕಾಯಿದೆಯಡಿ ಸೆನ್ಸಾರ್ ಮಂಡಳಿ ಕೆಲವು ಅಡಿಗಳನ್ನು ತೆಗೆಯಲು ಹೇಳಿದರೆ ಕಷ್ಟ ಅಷ್ಟಕ್ಕೇ ಮುಗಿಯುತ್ತಿರಲಿಲ್ಲ. ಸಿದ್ಧ ಪ್ರತಿಯಲ್ಲಿ ಧ್ವನಿಪಥ ತನ್ನ ಚಿತ್ರಕ್ಕಿಂತ ಸುಮಾರು 20 ಚೌಕಟ್ಟು ಮುಂದೆ ಅಚ್ಚಾಗಿರುವುದರಿಂದ, ಚಿತ್ರ ನೋಡಿ ಕತ್ತರಿಸಿದರೆ ಮುಂದಿನ ಮಾತು ತುಂಡಾಗುತ್ತಿತ್ತು. ಪ್ರಮಾಣಪತ್ರವಿಲ್ಲದ ‘ಬಿಟ್’ ಎಂಬ ಅಶ್ಲೀಲ ತುಣುಕುಗಳನ್ನು ಕೆಲವು ಪ್ರದರ್ಶಕರು ರೀಲಿನ ನಡುವೆ ಅಂಟಿಸಿ ಓಡಿಸಿದ್ದು ಕಾನೂನಿನ ಪ್ರಕಾರ ಅಪರಾಧ, ಅದರ ಕಳಂಕವನ್ನು ಚಿತ್ರ ಕಟ್ಟಿದ ತಂತ್ರಜ್ಞರಿಗೆ ಹಚ್ಚುವುದು ಅನ್ಯಾಯ.

ಜಪಾನಿನಲ್ಲಿ ‘ಪಿಂಕ್’ ಎಂಬ ಹೆಸರಿನ ಅಲ್ಪವೆಚ್ಚದ ವಯಸ್ಕರ ಚಿತ್ರಗಳಿಂದ ಹೊರಟ ಯೋಜಿರೊ ತಕಿತಾ ಅವರ ‘ಡಿಪಾರ್ಚರ್ಸ್’ 2009ರಲ್ಲಿ ಆಸ್ಕರ್ ಪಡೆಯಿತು. ಅಲ್ಲಿನವರು ಆ ಹಿನ್ನೆಲೆಯನ್ನು ಚರಿತ್ರೆಯಿಂದ ಅಳಿಸಿಲ್ಲ. ಕನ್ನಡದ ಸುರೇಶ್ ಅರಸ್ ಅವರಿಗೆ ‘ಬಾಂಬೆ’ ಚಿತ್ರದ ಸಂಕಲನಕ್ಕೆ ರಾಷ್ಟ್ರಪ್ರಶಸ್ತಿ ಬಂದಾಗ ನಾಡು ಹೆಮ್ಮೆಪಟ್ಟಿತು. ಅದೇ ಮೇಜು, ಅದೇ ಕತ್ತರಿಯಲ್ಲಿ ದುಡಿದ ಉಳಿದವರ ಹೆಸರುಗಳೂ ದಾಖಲಾಗಬೇಕು. ಮನೆಗಳ ಅಟ್ಟದಲ್ಲಿ ಹಳೆಯ ಚಿತ್ರಗಳ ಕರಪತ್ರ, ಹಾಡಿನ ಪುಸ್ತಕ, ಭಿತ್ತಿಪತ್ರಗಳಿದ್ದರೆ, ಅವುಗಳಲ್ಲಿ ‘ಸಂಕಲನ’ ಎಂಬ ಸಾಲಿನ ಮುಂದಿರುವ ಹೆಸರನ್ನು ಬರೆದಿಟ್ಟುಕೊಳ್ಳಬೇಕೆಂದು ಕೋರಿಕೆ.